ಓದುಗರ ಪ್ರಶ್ನೆ: ಮೊದಲು ದನಿ, ಆಮೇಲೆ ಮನುಷ್ಯ

ಈ ಸಲದ ಅಂಕಣ ಪೂರ್ತಿ ಬ್ರಿಟಿಷ್ ಹಾಸ್ಯನಟ ಪೀಟರ್ ಸೆಲ್ಲರ್ಸ್‌ಗೆ ಮೀಸಲು. ಒಂದೇ ಧಾಟಿಯ ಪತ್ರಗಳನ್ನು ಒಟ್ಟು ಮಾಡಿದ್ದೇವೆ.

ಸೆಲ್ಲರ್ಸ್ ಮಿಮಿಕ್ರಿ ಕಲಾವಿದರೋ, ನಟರೋ? ಎರಡಕ್ಕೂ ಅಷ್ಟೇನು ವ್ಯತ್ಯಾಸ?
– ಮಂಡ್ಯದ ಓದುಗರು

ಎರಡೂ ಹೌದು. ಆದರೆ ಹೆಸರು ನಿಂತದ್ದು ನಟನಾಗಿ. ಮಿಮಿಕ್ರಿಗೆ ಒಬ್ಬ ಅಸಲಿ ಬೇಕು. ರಾಜ್‌ಕುಮಾರ್ ದನಿಯನ್ನೇ ಕೇಳದವರ ಮುಂದೆ ರಾಜ್‌ಕುಮಾರ್ ಮಿಮಿಕ್ರಿ ಮಾಡಿದರೆ ಚಪ್ಪಾಳೆ ಬೀಳದು. ಪಾತ್ರ ಕಟ್ಟುವ ಹಾಸ್ಯಗಾರನಿಗೆ ಆ ಆಸರೆ ಇಲ್ಲ. ಎಲ್ಲೂ ಇಲ್ಲದ ಮನುಷ್ಯನನ್ನು ಅವನು ತಂದು ನಿಲ್ಲಿಸಬೇಕು, ನೋಡಿದವರು ‘ಇಂಥವನೊಬ್ಬ ನಮ್ಮ ಆಫೀಸಲ್ಲೂ ಇದ್ದಾನಲ್ಲ’ ಅನ್ನಬೇಕು.

1959ರ ‘ಐ ಆಮ್ ಆಲ್ ರೈಟ್ ಜ್ಯಾಕ್’ ಚಿತ್ರದ ಫ್ರೆಡ್ ಕೈಟ್ ಇದಕ್ಕೆ ಒಳ್ಳೆಯ ಉದಾಹರಣೆ. ಕೈಟ್ ಕಾರ್ಖಾನೆಯೊಂದರ ಕಾರ್ಮಿಕ ಮುಖಂಡ. ಚಿತ್ರಕಥೆ ಓದಿದಾಗ ಸೆಲ್ಲರ್ಸ್‌ಗೆ ಅದರಲ್ಲಿ ನಗು ಬರುವ ಮಾತೇ ಕಾಣಲಿಲ್ಲ, ಪಾತ್ರ ಒಪ್ಪಲು ಹಿಂದೇಟು ಹಾಕಿದ. ನಿಜಕ್ಕೂ ಅದರಲ್ಲಿ ಜೋಕುಗಳಿಲ್ಲ. ಮೈಗೆ ಬಿಗಿಯಾಗುವ ಸೂಟು, ಮೋಟಾಗಿ ಕತ್ತರಿಸಿದ ಕೂದಲು, ಮೂಗಿನ ಕೆಳಗೆ ತುಂಡು ಮೀಸೆ, ಬೆನ್ನಿಗೆ ಕೋಲು ಕಟ್ಟಿದಂಥ ನಡಿಗೆ, ಅರ್ಧಂಬರ್ಧ ಗೊತ್ತಿರುವ ದೊಡ್ಡ ದೊಡ್ಡ ಪದಗಳನ್ನು ಜೋಪಾನವಾಗಿ ಹೊತ್ತು ತಂದು ಇಳಿಸುವ ಮಾತು. ಇಷ್ಟನ್ನೂ ಧರಿಸಿ ಅವನು ಪರೀಕ್ಷಾ ಚಿತ್ರೀಕರಣಕ್ಕೆ ನಿಂತಾಗ ಸೆಟ್ಟಿನ ಕೆಲಸಗಾರರೇ ನಕ್ಕರು. ಆ ಪಾತ್ರಕ್ಕೆ ಅತ್ಯುತ್ತಮ ಬ್ರಿಟಿಷ್ ನಟನೆಂಬ ಬಾಫ್ಟಾ ಪ್ರಶಸ್ತಿ ಬಂತು.

ಅವನ ಕೆಲಸದ ಕ್ರಮವನ್ನು ಅವನೇ ಹಲವು ಸಂದರ್ಶನಗಳಲ್ಲಿ ಬಿಡಿಸಿ ಹೇಳಿದ್ದಾನೆ. ಮೊದಲು ದನಿ ಸಿಗಬೇಕು. ದನಿ ಸಿಕ್ಕ ಮೇಲೆ ಆ ದನಿಯವನು ಹೇಗಿದ್ದಾನು ಎಂದು ಕೂದಲು, ಮೀಸೆ, ಹಲ್ಲು. ಕೊನೆಗೆ ನಡಿಗೆ. ನಮ್ಮ ನಾಟಕದ ಹುಡುಗರು ಮೊದಲು ಅಂಟು ಮೀಸೆ ಹುಡುಕುತ್ತಾರೆ, ಅದು ಸರಿಯಾಗಿ ಉಲ್ಟಾ.

ಅವರ ಹುಟ್ಟು, ಮನೆತನ, ರಂಗಕ್ಕೆ ಬಂದ ಬಗೆ ತಿಳಿಸಿ.
– ಶಿವಮೊಗ್ಗದ ಓದುಗರು

ಹುಟ್ಟಿದ್ದು 1925ರ ಸೆಪ್ಟೆಂಬರ್ 8, ಇಂಗ್ಲೆಂಡಿನ ದಕ್ಷಿಣ ಕರಾವಳಿಯ ಪೋರ್ಟ್ಸ್‌ಮತ್‌ನ ಸೌತ್‌ಸೀ ಬಡಾವಣೆಯಲ್ಲಿ. ಇಟ್ಟ ಹೆಸರು ರಿಚರ್ಡ್ ಹೆನ್ರಿ. ಪೀಟರ್ ಎಂಬುದು ಹುಟ್ಟುವಾಗಲೇ ತೀರಿಕೊಂಡ ಅಣ್ಣನ ಹೆಸರು, ತಂದೆ ತಾಯಿ ಈ ಮಗುವನ್ನೂ ಅದೇ ಹೆಸರಿಂದ ಕರೆದರು. ಇಬ್ಬರೂ ಊರೂರು ಸುತ್ತುವ ವೆರೈಟಿ ಶೋ ಕಲಾವಿದರು. ತಂದೆ ಪ್ರಾಟೆಸ್ಟೆಂಟ್, ತಾಯಿ ಯಹೂದಿ, ಹುಡುಗ ಓದಿದ್ದು ಕ್ಯಾಥೊಲಿಕ್ ಶಾಲೆಯಲ್ಲಿ. ಯಾವ ಗುಂಪಿನಲ್ಲೂ ಪೂರ್ತಿ ಸೇರದ ಹುಡುಗ ಎಲ್ಲರ ಮಾತಿನ ಧಾಟಿಯನ್ನೂ ಕಿವಿಯಲ್ಲಿ ತುಂಬಿಕೊಂಡದ್ದರಲ್ಲಿ ಆಶ್ಚರ್ಯವಿಲ್ಲ.

ಮೊದಲು ಕಲಿತ ಕಸುಬು ಡ್ರಮ್. 1943ರಲ್ಲಿ ವಾಯುಪಡೆ ಸೇರಿದ. ಕಣ್ಣು ಸರಿಯಿಲ್ಲವೆಂದು ವಿಮಾನ ಹಾರಿಸಲು ಬಿಡಲಿಲ್ಲ, ಸೈನಿಕರನ್ನು ರಂಜಿಸುವ ‘ಗ್ಯಾಂಗ್ ಶೋ’ ತಂಡಕ್ಕೆ ಹಾಕಿದರು. ಆ ತಂಡದ ಜೊತೆ ಭಾರತ, ಸಿಲೋನ್, ಬರ್ಮಾ ಸುತ್ತಿದ. ಮೇಲಧಿಕಾರಿಗಳ ವೇಷ ಹಾಕಿ, ಸುಳ್ಳು ಮೀಸೆ ಅಂಟಿಸಿ, ಆಫೀಸರ್ಸ್ ಮೆಸ್ಸಿಗೇ ನುಗ್ಗುತ್ತಿದ್ದನಂತೆ. ಸಿಕ್ಕಿಬಿದ್ದರೆ ಶಿಕ್ಷೆ ಖಚಿತವಾಗಿದ್ದ ಆ ಆಟದಲ್ಲಿ ದನಿ ಒಂದಿಷ್ಟೂ ಜಾರುವಂತಿರಲಿಲ್ಲ, ಅಭ್ಯಾಸಕ್ಕೆ ಇದಕ್ಕಿಂತ ಒಳ್ಳೆಯ ರಂಗ ಇನ್ನೊಂದಿಲ್ಲ.

ಯುದ್ಧ ಮುಗಿದ ಮೇಲೆ ಕೆಲಸವಿಲ್ಲ. 1948ರಲ್ಲಿ ಲಂಡನ್ನಿನ ವಿಂಡ್‌ಮಿಲ್ ಥಿಯೇಟರಿನಲ್ಲಿ ಆರು ವಾರ ಹಾಸ್ಯ ಮಾಡಿದ. ಅಲ್ಲಿಗೆ ಜನ ಬರುತ್ತಿದ್ದುದು ಬೆತ್ತಲೆ ಹುಡುಗಿಯರನ್ನು ನೋಡಲು, ನಡುವೆ ಬಂದ ಹಾಸ್ಯಗಾರನಿಗೆ ಕಿವಿಗೊಡುವವರು ಕಡಿಮೆ. ಬಿಬಿಸಿಗೆ ಬರೆದ ಪತ್ರಕ್ಕೆ ಉತ್ತರ ಬರಲಿಲ್ಲ. ಆಗ ಅಲ್ಲಿನ ನಿರ್ಮಾಪಕ ರಾಯ್ ಸ್ಪೀರ್‌ಗೆ ಫೋನು ಹಚ್ಚಿ, ಆ ಕಾಲದ ಹೆಸರಾಂತ ರೇಡಿಯೊ ಕಲಾವಿದ ಕೆನ್ನೆತ್ ಹಾರ್ನ್ ದನಿಯಲ್ಲಿ, ‘ಪೀಟರ್ ಸೆಲ್ಲರ್ಸ್ ಅಂತ ಒಬ್ಬ ಹುಡುಗ ಇದ್ದಾನೆ, ಬಿಡಬೇಡಿ’ ಎಂಬರ್ಥದ ಶಿಫಾರಸು ಮಾಡಿದ. ಹಾರ್ನ್‌ನ ಜೋಡಿ ರಿಚರ್ಡ್ ಮರ್ಡಾಕ್ ದನಿಯಲ್ಲೂ ಎರಡು ಮಾತು ಸೇರಿಸಿದ. ಕೊನೆಗೆ ತಾನೇ ತಾನೆಂದು ಒಪ್ಪಿಕೊಂಡ. ಸ್ಪೀರ್ ಬೈದ, ಕೆಲಸವನ್ನೂ ಕೊಟ್ಟ.

‘ಗೂನ್ ಶೋ’ದಲ್ಲಿ ಒಬ್ಬರೇ ನಾಲ್ಕೈದು ಪಾತ್ರ ಮಾಡುತ್ತಿದ್ದರಂತೆ. ಆಗ ಈಗಿನ ಹಾಗೆ ಎಡಿಟಿಂಗ್ ಇರಲಿಲ್ಲವಲ್ಲ, ಹೇಗೆ ಸಾಧ್ಯ?
– ಆಕಾಶವಾಣಿ ನಾಟಕಗಳ ಅಭಿಮಾನಿ, ಹಾಸನ

ಮೈಕಿನ ಮುಂದೆ ನಿಂತು, ಎದುರಿಗೆ ಪ್ರೇಕ್ಷಕರನ್ನು ಕೂರಿಸಿಕೊಂಡು, ಒಂದೇ ಓಟದಲ್ಲಿ. ಬಿಬಿಸಿ ರೇಡಿಯೊದ ಹಾಸ್ಯ ಕಾರ್ಯಕ್ರಮ ‘ಗೂನ್ ಶೋ’ 1951ರ ಮೇ 28ರಂದು ‘ಕ್ರೇಜಿ ಪೀಪಲ್’ ಎಂಬ ಹೆಸರಲ್ಲಿ ಶುರುವಾಗಿ 1960ರ ಜನವರಿವರೆಗೆ ನಡೆಯಿತು. ಬರೆಯುತ್ತಿದ್ದವನು ಹೆಚ್ಚಾಗಿ ಸ್ಪೈಕ್ ಮಿಲಿಗನ್, ನಮ್ಮ ಅಹ್ಮದ್‌ನಗರದಲ್ಲಿ 1918ರಲ್ಲಿ ಹುಟ್ಟಿದವನು. ಮೂರನೆಯವನು ಹ್ಯಾರಿ ಸೀಕೂಂಬ್. ಮೊದಮೊದಲು ಮೈಕೆಲ್ ಬೆಂಟೀನ್ ಕೂಡ ಇದ್ದ.

ಸೆಲ್ಲರ್ಸ್‌ನ ಪಾತ್ರಗಳನ್ನು ಕೇಳಿದರೆ ಗುಟ್ಟು ತಿಳಿಯುತ್ತದೆ. ಮೇಜರ್ ಬ್ಲಡ್‌ನಾಕ್ ಎದೆಯಿಂದ ಗುಡುಗುತ್ತಾನೆ. ಗ್ರಿಟ್‌ಪೈಪ್‌ಥಿನ್ ಮೂಗಿನಿಂದ, ನಯವಾಗಿ, ನಿಧಾನಕ್ಕೆ ಮಾತಾಡುವ ಠಕ್ಕ. ಹುಡುಗ ಬ್ಲೂಬಾಟಲ್‌ನದು ಗಂಟಲು ಹಿಂಡಿದ ಕೀರಲು. ಮುದುಕ ಹೆನ್ರಿ ಕ್ರನ್‌ನದು ಹಲ್ಲಿಲ್ಲದ ಬಾಯಿಯ ನಡುಕ. ಅಂದರೆ ನಾಲ್ಕು ದನಿಗಳು ನಾಲ್ಕು ಬೇರೆ ಜಾಗಗಳಿಂದ ಹೊರಡುತ್ತವೆ: ಎದೆ, ಮೂಗು, ಗಂಟಲು, ತುಟಿ. ವೇಗವೂ ನಾಲ್ಕು ಥರ. ಶ್ರುತಿ ಮಾತ್ರ ಏರಿಸಿ ಇಳಿಸಿ ಪಾತ್ರ ಬದಲಿಸಲು ಹೋದವರ ದನಿ ಮೂರನೇ ನಿಮಿಷಕ್ಕೆ ಒಂದಕ್ಕೊಂದು ಕಲಸಿಹೋಗುತ್ತದೆ. ರೇಡಿಯೊ ನಾಟಕ ಮಾಡುವ ನೀವು ಇದನ್ನು ಮನೆಯಲ್ಲೇ ಪರೀಕ್ಷಿಸಬಹುದು. ಒಂದೇ ಸಾಲನ್ನು ಈ ನಾಲ್ಕು ಜಾಗಗಳಿಂದ ಫೋನಿನಲ್ಲಿ ರೆಕಾರ್ಡ್ ಮಾಡಿ, ಮರುದಿನ ಕೇಳಿ. ಎರಡರ ನಡುವೆ ಅನುಮಾನ ಬಂದರೆ ಒಂದನ್ನು ಬಿಡಿ.

ಉಸಿರು ತೆಗೆದುಕೊಳ್ಳಲು ಬಿಡುವೂ ಇತ್ತು. ಅರ್ಧ ಗಂಟೆಯ ಕಾರ್ಯಕ್ರಮದ ನಡುವೆ ಎರಡು ಸಲ ಸಂಗೀತ, ಒಮ್ಮೆ ಮ್ಯಾಕ್ಸ್ ಗೆಲ್ಡ್ರೇಯ ಹಾರ್ಮೋನಿಕಾ, ಇನ್ನೊಮ್ಮೆ ರೇ ಎಲಿಂಗ್ಟನ್ ತಂಡ. ಮಿಲಿಗನ್ ಕಾಯಿಲೆ ಬಿದ್ದಾಗ ಅವನ ಪಾತ್ರಗಳನ್ನೂ ಸೆಲ್ಲರ್ಸ್ ನಿಭಾಯಿಸಿದ್ದುಂಟು.

‘ಡಾ. ಸ್ಟ್ರೇಂಜ್‌ಲವ್’ನಲ್ಲಿ ಮೂರು ಪಾತ್ರ ಮಾಡಿದ್ದಾರೆ. ನಾಲ್ಕನೆಯದೂ ಇತ್ತಂತೆ, ಯಾಕೆ ಬಿಟ್ಟರು?
– ಬೆಂಗಳೂರು, ಮಂಗಳೂರಿನಿಂದ ಬಂದ ಪತ್ರಗಳು

ಇತ್ತು. ಅಣುಯುದ್ಧವನ್ನು ಗೇಲಿ ಮಾಡುವ ಈ 1964ರ ಚಿತ್ರದಲ್ಲಿ ಅಣುಬಾಂಬ್ ಹೊತ್ತ ವಿಮಾನದ ನಾಯಕ ಮೇಜರ್ ಕಾಂಗ್, ಟೆಕ್ಸಸ್‌ನವನು. ಆ ಧಾಟಿ ಹಿಡಿಯುವುದು ಕಷ್ಟವೆಂದು ಸೆಲ್ಲರ್ಸ್‌ಗೆ ಮೊದಲಿಂದಲೂ ಅಳುಕು. ಚಿತ್ರಕಥೆ ಬರೆದವರಲ್ಲಿ ಒಬ್ಬನಾದ ಟೆರಿ ಸದರ್ನ್ ಟೆಕ್ಸಸ್‌ನವನೇ, ಮಾತುಗಳನ್ನು ತನ್ನ ಬಾಯಲ್ಲೇ ಟೇಪ್ ಮಾಡಿಕೊಟ್ಟ. ಅಷ್ಟರಲ್ಲಿ ಸೆಲ್ಲರ್ಸ್‌ನ ಕಾಲು ಉಳುಕಿತು. ವಿಮಾನದ ಒಳಭಾಗದ ಸೆಟ್ಟು ಇಕ್ಕಟ್ಟು, ಏಣಿ ಹತ್ತಿ ಇಳಿಯಬೇಕು. ಪಾತ್ರ ಸ್ಲಿಮ್ ಪಿಕೆನ್ಸ್‌ಗೆ ಹೋಯಿತು. ಅವನು ನಿಜವಾದ ರೋಡಿಯೊ ಸವಾರ. ಬಾಂಬಿನ ಮೇಲೆ ಕುದುರೆ ಸವಾರಿಯಂತೆ ಕೂತು ಟೋಪಿ ಬೀಸುತ್ತ ಬೀಳುವ ದೃಶ್ಯ ಇವತ್ತಿಗೂ ಚಿತ್ರದ ಗುರುತಾಗಿ ಉಳಿದಿರುವುದರಿಂದ, ಉಳುಕಿದ ಕಾಲಿಗೆ ನಾವು ಋಣಿಗಳು.

ಉಳಿದ ಮೂರು ಇವು. ಬ್ರಿಟಿಷ್ ವಾಯುಪಡೆಯ ಮ್ಯಾಂಡ್ರೇಕ್: ವಾಯುಪಡೆಯ ಮೆಸ್ಸಿನಲ್ಲಿ ಅನುಕರಿಸಿದ ಅಧಿಕಾರಿಗಳೆಲ್ಲ ಇಲ್ಲಿ ಒಟ್ಟಾಗಿದ್ದಾರೆ. ಅಮೆರಿಕದ ಅಧ್ಯಕ್ಷ ಮಫ್ಲಿ: ಮೊದಲು ಇದನ್ನು ನೆಗಡಿ ಹಿಡಿದ, ಮೂಗಿಗೆ ಇನ್‌ಹೇಲರ್ ಒತ್ತಿಕೊಳ್ಳುವ ಮೆತ್ತನೆಯ ಮನುಷ್ಯನಾಗಿ ಆಡಿದ. ಸೆಟ್ಟಿನಲ್ಲಿ ಎಲ್ಲರೂ ನಗತೊಡಗಿದರು, ಚಿತ್ರೀಕರಣವೇ ಸಾಗಲಿಲ್ಲ. ನಿರ್ದೇಶಕ ಕುಬ್ರಿಕ್ ಅದನ್ನೆಲ್ಲ ತೆಗೆಸಿ, ಆ ಕೋಣೆಯಲ್ಲಿ ಬುದ್ಧಿ ನೆಟ್ಟಗಿರುವ ಒಬ್ಬನೇ ಮನುಷ್ಯ ಇವನಾಗಲಿ ಎಂದ. ಹಾಗಾಗಿಯೇ ರಷ್ಯಾದ ಪ್ರಧಾನಿಗೆ ಫೋನು ಮಾಡುವ ದೃಶ್ಯ ಅಷ್ಟು ಚೆನ್ನಾಗಿ ಬಂದಿದೆ. ಆ ಕಡೆಯ ದನಿ ನಮಗೆ ಕೇಳುವುದೇ ಇಲ್ಲ. ಜಗತ್ತು ಸುಟ್ಟುಹೋಗುವ ಸುದ್ದಿಯನ್ನು, ಕುಡಿದು ಕೂತ ಭಾವನಿಗೆ ಬೇಜಾರಾಗದಂತೆ ಹೇಳುವ ತಾಳ್ಮೆಯಲ್ಲಿ ಅಧ್ಯಕ್ಷ ಹೇಳುತ್ತಾನೆ. ಮುಖದ ಒಂದು ಸ್ನಾಯುವೂ ನಗುವಿಗೆ ಸಹಕರಿಸುವುದಿಲ್ಲ.

ಮೂರನೆಯವನು ಗಾಲಿಕುರ್ಚಿಯ ಡಾ. ಸ್ಟ್ರೇಂಜ್‌ಲವ್. ದನಿಗೆ ಮೂಲ ಛಾಯಾಗ್ರಾಹಕ ವೀಜಿ, ಅವನು ಸೆಟ್ಟಿಗೆ ಬರುತ್ತಿದ್ದ. ಸೆಲ್ಲರ್ಸ್ ಆ ತೆಳ್ಳಗಿನ ದನಿಯನ್ನು ಎತ್ತಿಕೊಂಡು ಜರ್ಮನ್ ಧಾಟಿ ಸೇರಿಸಿದ. ಕೈಯ ಕರಿ ಗ್ಲೌಸು ಕುಬ್ರಿಕ್‌ನದು, ಬಿಸಿಯಾದ ದೀಪಗಳನ್ನು ಹಿಡಿಯಲು ಇಟ್ಟುಕೊಂಡಿದ್ದದ್ದು. ಗ್ಲೌಸು ಹಾಕಿದ ಮೇಲೆ ಆ ಕೈಗೆ ತನ್ನದೇ ಬುದ್ಧಿ ಬಂತು, ಯಜಮಾನನ ಮಾತು ಕೇಳದೆ ನಾಜಿ ಸೆಲ್ಯೂಟಿಗೆ ಏಳುವ ಕೈ. ಕೊನೆಯ ದೃಶ್ಯದಲ್ಲಿ ಹಿಂದೆ ನಿಂತ ರಷ್ಯಾದ ರಾಯಭಾರಿಯ ಪಾತ್ರಧಾರಿ ಪೀಟರ್ ಬುಲ್‌ನನ್ನು ನೋಡಿ. ನಗು ತಡೆಯಲು ಪಡುವ ಪಾಡು ಚಿತ್ರದಲ್ಲಿ ಹಾಗೆಯೇ ಉಳಿದಿದೆ.

ತಾಂತ್ರಿಕವಾಗಿ ಒಂದು ಮಾತು. ಸೆಲ್ಲರ್ಸ್‌ಗೆ ಮೊದಲ ಒಂದೆರಡು ಟೇಕುಗಳಲ್ಲಿ ಹೊಳೆದದ್ದು ಮತ್ತೆ ಬಾರದು, ರೀಟೇಕು ಹೆಚ್ಚಿದಷ್ಟೂ ಸಪ್ಪೆ. ಹತ್ತಾರು ಟೇಕು ತೆಗೆಯುವುದಕ್ಕೆ ಹೆಸರಾದ ಕುಬ್ರಿಕ್ ಇವನಿಗಾಗಿ ಒಂದೇ ಸಲಕ್ಕೆ ಎರಡು ಮೂರು ಕ್ಯಾಮೆರಾ ಓಡಿಸಿದ. ಹೊಸದಾಗಿ ಹುಟ್ಟಿದ ಮಾತು ಒಂದೇ ಕೋನದಲ್ಲಿ ಸಿಕ್ಕಿದರೆ ಎಡಿಟಿಂಗ್ ಟೇಬಲ್ಲಿನಲ್ಲಿ ಅದಕ್ಕೆ ಜೋಡಿ ಸಿಗುವುದಿಲ್ಲ, ಕಾರಣ ಅಷ್ಟೇ. ಸುಮಾರು 18 ಲಕ್ಷ ಡಾಲರಿನ ಚಿತ್ರದಲ್ಲಿ 10 ಲಕ್ಷ ಸೆಲ್ಲರ್ಸ್‌ನ ಸಂಭಾವನೆ. ಆರು ಜನರ ದುಡ್ಡಿಗೆ ಮೂವರು ಸಿಕ್ಕರು ಎಂದು ಕುಬ್ರಿಕ್ ತಮಾಷೆ ಮಾಡುತ್ತಿದ್ದ.

ಕಾಲೇಜಿನ ಕಾರ್ಯಕ್ರಮದಲ್ಲಿ ಇನ್‌ಸ್ಪೆಕ್ಟರ್ ಕ್ಲೂಸೋ ಮಾಡಬೇಕೆಂದಿದ್ದೇವೆ. ಎಲ್ಲಿಂದ ಶುರು ಮಾಡಬೇಕು?
– ಧಾರವಾಡದ ವಿದ್ಯಾರ್ಥಿಗಳು

ಬೀಳುವುದರಿಂದ ಅಲ್ಲ. ಕ್ಲೂಸೋ ತಾನು ಫ್ರಾನ್ಸಿನ ಅತಿ ದೊಡ್ಡ ಪತ್ತೇದಾರ ಎಂದು ಮನಸಾರೆ ನಂಬಿದವನು. ಈ ಘನತೆ ಮೊದಲು ಮೈಗೆ ಬರಬೇಕು: ಬೆನ್ನು ನೆಟ್ಟಗೆ, ಗದ್ದ ಮೇಲಕ್ಕೆ. ಮೀಸೆಗೆ ಸ್ಫೂರ್ತಿ ಬೆಂಕಿಪೆಟ್ಟಿಗೆಯ ಮೇಲಿನ ಚಿತ್ರ ಎಂದು ಸೆಲ್ಲರ್ಸ್ ಹೇಳುತ್ತಿದ್ದ. ಇಂಗ್ಲಿಷ್ ಕಾಲುವೆಯನ್ನು 1875ರಲ್ಲಿ ಈಜಿ ದಾಟಿದ ಕ್ಯಾಪ್ಟನ್ ವೆಬ್‌ನ ಚಿತ್ರ ಅದು. ಅಂದರೆ ಅದು ನಗೆಮೀಸೆ ಅಲ್ಲ, ಗಂಡುಮೆಟ್ಟಿನ ಮೀಸೆ.

1963ರ ‘ಪಿಂಕ್ ಪ್ಯಾಂಥರ್’ನಲ್ಲಿ ಕ್ಲೂಸೋ ಕಾಣಿಸಿಕೊಳ್ಳುವ ಮೊದಲ ದೃಶ್ಯವನ್ನೇ ಪಾಠವಾಗಿ ಇಟ್ಟುಕೊಳ್ಳಿ. ಆ ಹೆಂಗಸನ್ನು ಹಿಡಿಯಲೇಬೇಕು ಎಂದು ಗಂಭೀರವಾಗಿ ಹೇಳುತ್ತ ದೊಡ್ಡ ಭೂಗೋಳವನ್ನು ತಿರುಗಿಸುತ್ತಾನೆ. ಸ್ವಲ್ಪ ಹೊತ್ತಿಗೆ ಇನ್ನೂ ತಿರುಗುತ್ತಿರುವ ಅದರ ಮೇಲೆ ಕೈ ಊರುತ್ತಾನೆ, ನೆಲಕ್ಕೆ ಬೀಳುತ್ತಾನೆ. ಇಲ್ಲಿ ಮೂರು ಹಂತ. ತಿರುಗಿಸಿದ್ದು ಪ್ರೇಕ್ಷಕರಿಗೆ ಕಾಣಬೇಕು. ನಡುವೆ ಅದು ಮರೆಯುವಷ್ಟು ಮಾತು ಬರಬೇಕು. ಬಿದ್ದು ಎದ್ದ ಮೇಲೆ ಏನೂ ಆಗಿಲ್ಲದಂತೆ ಮುಂದಿನ ಕೆಲಸಕ್ಕೆ ಹೊರಡಬೇಕು. ವಿದ್ಯಾರ್ಥಿಗಳು ಎಡವುವುದು ಎರಡು ಕಡೆ: ಬೀಳುವ ಮೊದಲೇ ಬೀಳುವ ಜಾಗವನ್ನು ಕಣ್ಣಲ್ಲಿ ಅಳೆಯುತ್ತಾರೆ, ಎದ್ದ ಮೇಲೆ ನಗು ಬಂತೇ ಎಂದು ಸಭೆಯ ಕಡೆ ನೋಡುತ್ತಾರೆ. ಎರಡೂ ಘನತೆಯನ್ನು ಕೊಂದುಹಾಕುತ್ತವೆ.

ಉಚ್ಚಾರ ಆಮೇಲೆ. ಮೊದಲ ಚಿತ್ರದಲ್ಲಿ ಅದು ತೆಳು, 1964ರ ‘ಎ ಶಾಟ್ ಇನ್ ದ ಡಾರ್ಕ್’ನಿಂದ ದಪ್ಪವಾಗುತ್ತ ಹೋಯಿತು. ಎಲ್ಲ ಪದಗಳನ್ನೂ ತಿರುಚಬೇಡಿ, ಯಾರಿಗೂ ಏನೂ ತಿಳಿಯುವುದಿಲ್ಲ. ವಾಕ್ಯಕ್ಕೊಂದು ಸಾಕು, ಅದೂ ಸ್ವರ ಮಾತ್ರ: ರೂಮ್ ‘ರ್ಯೂಮ್’ ಆಗುತ್ತದೆ, ಬಂಪ್ ‘ಬ್ಯೂಂಪ್’, ಮಂಕಿ ‘ಮಿಂಕಿ’. ಎದುರಿನವನು ‘ಏನಂದಿರಿ?’ ಎನ್ನಬೇಕು, ಕ್ಲೂಸೋ ಅದನ್ನೇ ಹಾಗೇ ಮತ್ತೆ ಹೇಳಬೇಕು. 1976ರ ಚಿತ್ರದಲ್ಲಿ ಹೋಟೆಲಿನ ಮುದುಕ ‘ರ್ಯೂಮ್’ ಎಂದರೇನು ಗೊತ್ತಿಲ್ಲ ಅನ್ನುತ್ತಾನೆ. ಕ್ಲೂಸೋ ನಿಘಂಟು ತೆರೆದು ಜರ್ಮನ್ ಪದ ಹೇಳಿದ ಮೇಲೆ ಮುದುಕ ‘ಓ, ರೂಮ್!’ ಎನ್ನುತ್ತಾನೆ. ಇಷ್ಟು ಹೊತ್ತು ನಾನು ಹೇಳಿದ್ದು ಅದೇ ಅಲ್ಲವೇ ಎಂದು ಕ್ಲೂಸೋ ರೇಗುತ್ತಾನೆ. ತಪ್ಪು ತನ್ನದಿರಬಹುದೆಂಬ ಸಂಶಯವೇ ಅವನಿಗೆ ಬಾರದು. ಅಂದ ಹಾಗೆ, 1964ರ ಚಿತ್ರದಲ್ಲಿ ಕತೆ ನಡೆಯುವುದು ಫ್ರಾನ್ಸಿನಲ್ಲೇ, ಸುತ್ತ ಇರುವವರೂ ಫ್ರೆಂಚರೇ. ಅವರೆಲ್ಲ ನೆಟ್ಟಗೆ ಇಂಗ್ಲಿಷ್ ಮಾತಾಡುವಾಗ ಫ್ರೆಂಚ್ ಧಾಟಿ ಇವನೊಬ್ಬನಿಗೇ ಯಾಕೆ ಎಂದು ಯಾರೂ ಕೇಳುವುದಿಲ್ಲ.

‘ದ ಪಾರ್ಟಿ’ಯಲ್ಲಿ ಮುಖಕ್ಕೆ ಕಂದು ಬಣ್ಣ ಬಳಿದುಕೊಂಡು ಭಾರತೀಯನಾಗಿದ್ದಾರೆ. ಇದನ್ನು ನೋಡಿ ನಗಬೇಕೋ, ಸಿಟ್ಟಾಗಬೇಕೋ?
– ಮೈಸೂರಿನ ಓದುಗರು

ಎರಡಕ್ಕೂ ಜಾಗವಿದೆ. ಭಾರತೀಯ ಪಾತ್ರಗಳು ಅವನಿಗೆ ಹೊಸದಲ್ಲ. ‘ಗೂನ್ ಶೋ’ದಲ್ಲಿ ಅವನೂ ಮಿಲಿಗನ್ನನೂ ಲಾಲ್‌ಕಾಕಾ, ಬ್ಯಾನರ್ಜಿ ಎಂಬ ಜೋಡಿ ಮಾಡುತ್ತಿದ್ದರು. 1960ರ ‘ದ ಮಿಲಿಯನೇರೆಸ್’ನಲ್ಲಿ ಸೋಫಿಯಾ ಲೊರೆನ್ ಎದುರು ಡಾಕ್ಟರ್ ಕಬೀರ್ ಆದ. ಬರ್ನಾರ್ಡ್ ಶಾ ನಾಟಕದಲ್ಲಿ ಆ ಡಾಕ್ಟರ್ ಈಜಿಪ್ಟಿನವನು, ಸಿನಿಮಾದಲ್ಲಿ ಭಾರತೀಯನಾದ.

ಅವನ ಭಾರತೀಯ ಇಂಗ್ಲಿಷಿನ ಒಳಗುಟ್ಟು ಕನ್ನಡ ಬಲ್ಲವರಿಗೆ ಸುಲಭವಾಗಿ ಕಾಣುತ್ತದೆ. ಇಂಗ್ಲಿಷಿನವರ ‘ಟ’ ನಮ್ಮ ತ ಮತ್ತು ಟಗಳ ನಡುವೆ, ಹಲ್ಲಿನ ಬುಡದಲ್ಲಿ ಹುಟ್ಟುತ್ತದೆ. ನಾವು ನಾಲಿಗೆ ಮಡಚಿ ಅದನ್ನು ಅಸಲಿ ಟಕಾರ ಮಾಡುತ್ತೇವೆ. ಎರಡು ಬಗೆಯ ವಕಾರಗಳನ್ನು ಒಂದೇ ಮಾಡುತ್ತೇವೆ. ಇಂಗ್ಲಿಷರು ನುಂಗುವ ಅಕ್ಷರಗಳಿಗೂ ನಾವು ಪೂರ್ತಿ ಕೂಲಿ ಕೊಡುತ್ತೇವೆ. ಈ ಮೂರನ್ನೂ ಸೆಲ್ಲರ್ಸ್ ಸರಿಯಾಗಿ ಹಿಡಿದಿದ್ದಾನೆ. ಹಿಡಿಯದೆ ಬಿಟ್ಟದ್ದು ಊರು. ‘ದ ಪಾರ್ಟಿ’ಯಲ್ಲಿ ಅವನ ಪಾತ್ರದ ಹೆಸರು ಹೃಂಡಿ ಬಕ್ಷಿ. ಬಕ್ಷಿ ಉತ್ತರದ ಹೆಸರು, ಮಾತಿನಲ್ಲಿ ಪಂಜಾಬೂ ಇಲ್ಲ, ಬಂಗಾಳವೂ ಇಲ್ಲ, ಎಲ್ಲದರ ಸರಾಸರಿ. ‘ಹೃಂಡಿ’ ಎಂದು ಯಾವ ತಾಯಿಯೂ ಮಗನನ್ನು ಕರೆದಿರಲಾರಳು.

1968ರ ಈ ಚಿತ್ರದ ಚಿತ್ರಕಥೆ ಮಾಮೂಲಿಯ ಅರ್ಧದಷ್ಟೇ ಇತ್ತು, ಉಳಿದದ್ದು ಸೆಟ್ಟಿನಲ್ಲೇ ಹುಟ್ಟಿತು. ನಿರ್ದೇಶಕ ಬ್ಲೇಕ್ ಎಡ್ವರ್ಡ್ಸ್ ಸಿನಿಮಾ ಕ್ಯಾಮೆರಾಕ್ಕೆ ವಿಡಿಯೊ ಕ್ಯಾಮೆರಾ ಜೋಡಿಸಿ, ಪ್ರತಿ ಟೇಕನ್ನೂ ಅಲ್ಲೇ ನೋಡಿ, ಅದರ ಮೇಲೆ ಮುಂದಿನದನ್ನು ಕಟ್ಟುತ್ತಿದ್ದ. ಕತೆಯಲ್ಲಿ ಕೆಟ್ಟವರಾಗಿ, ಒರಟರಾಗಿ ಕಾಣುವವರು ಹಾಲಿವುಡ್ಡಿನ ಜನ. ಬಕ್ಷಿ ಸಭ್ಯ, ಒಂಟಿ. ಅದು ಚಿತ್ರದ ಪರವಾದ ಮಾತು. ಆದರೆ ನಗು ಹುಟ್ಟುವುದು ಅವನ ಪರದೇಶಿತನದಿಂದಲೇ, ಆ ಚರ್ಮವೂ ಬಳಿದದ್ದು. ಇವತ್ತು ಅದನ್ನು ಹಾಗೆ ತೆಗೆಯಲಾಗದು, ತೆಗೆಯಬೇಕಾಗಿಯೂ ಇಲ್ಲ.

ಸತ್ಯಜಿತ್ ರಾಯ್ ತಮ್ಮ ‘ದಿ ಏಲಿಯನ್’ ಯೋಜನೆಯಲ್ಲಿ ಮಾರವಾಡಿ ವ್ಯಾಪಾರಿಯ ಪಾತ್ರಕ್ಕೆ ಸೆಲ್ಲರ್ಸ್‌ನನ್ನು ಮಾತಾಡಿಸಿದ್ದರು. ಅವನು ಮೊದಲು ಒಪ್ಪಿ ಆಮೇಲೆ ಹಿಂದೆ ಸರಿದ, ಚಿತ್ರ ಆಗಲೇ ಇಲ್ಲ.

ಇಲ್ಲಿನ ಟಿವಿಯಲ್ಲಿ ಬಂದ ‘ಗುಡ್‌ನೆಸ್ ಗ್ರೇಷಸ್ ಮಿ’ಗೂ ಸೆಲ್ಲರ್ಸ್‌ಗೂ ಸಂಬಂಧವೇನು?
– ಲಂಡನ್ನಿನ ಕನ್ನಡಿಗರು

ಹೆಸರು. ಸೆಲ್ಲರ್ಸ್ ಮತ್ತು ಲೊರೆನ್ 1960ರಲ್ಲಿ ಹಾಡಿದ ಇದೇ ಹೆಸರಿನ ಹಾಡು ಬ್ರಿಟನ್ನಿನ ಪಟ್ಟಿಯಲ್ಲಿ ನಾಲ್ಕನೇ ಸ್ಥಾನಕ್ಕೆ ಏರಿತು. ಧ್ವನಿಮುದ್ರಣ ಮಾಡಿಸಿದವನು ಜಾರ್ಜ್ ಮಾರ್ಟಿನ್, ಆಮೇಲೆ ಬೀಟಲ್ಸ್‌ಗೆ ನಿರ್ಮಾಪಕನಾದವನು. ಬ್ರಿಟನ್ನಿನಲ್ಲೇ ಬೆಳೆದ ಭಾರತೀಯ ಮೂಲದ ಕಲಾವಿದರು, ಸಂಜೀವ್ ಭಾಸ್ಕರ್, ಮೀರಾ ಸ್ಯಾಲ್ ಮುಂತಾದವರು, 1996ರಲ್ಲಿ ಬಿಬಿಸಿ ರೇಡಿಯೊಗೆ, 1998ರಲ್ಲಿ ಟಿವಿಗೆ ತಮ್ಮ ಹಾಸ್ಯವನ್ನು ತಂದಾಗ ಅದೇ ಹೆಸರನ್ನು ಕಿತ್ತುಕೊಂಡು ಇಟ್ಟರು. ಈ ಸಲ ಧಾಟಿಯೂ ಅವರದೇ, ನಗೆಯ ಗುರಿ ಮಾತ್ರ ಎರಡೂ ಕಡೆಯವರು.

ಎಷ್ಟು ಮದುವೆ? ಮನುಷ್ಯ ಹೇಗಿದ್ದ?
– ದಾವಣಗೆರೆ

ನಾಲ್ಕು. ಮನೆಯಲ್ಲಿ ಮುಂಗೋಪಿ, ಸೆಟ್ಟಿನಲ್ಲಿ ಮೊಂಡ. 1967ರ ‘ಕಸೀನೊ ರಾಯಲ್’ನಲ್ಲಿ ಆರ್ಸನ್ ವೆಲ್ಸ್ ಜೊತೆ ಒಂದೇ ಸೆಟ್ಟಿನಲ್ಲಿ ನಿಲ್ಲಲು ಒಪ್ಪದೆ, ಒಂದೇ ಇಸ್ಪೀಟು ಮೇಜಿನ ಇಬ್ಬರನ್ನು ಬೇರೆ ಬೇರೆ ದಿನ ಚಿತ್ರಿಸಬೇಕಾಯಿತು. 1964ರ ಏಪ್ರಿಲ್‌ನಲ್ಲಿ ಕೆಲವೇ ಗಂಟೆಗಳ ಅಂತರದಲ್ಲಿ ಎಂಟು ಸಲ ಹೃದಯಾಘಾತವಾಗಿ ಬದುಕಿ ಉಳಿದ. ಕೊನೆಗೂ ಹೃದಯವೇ ಕೈಕೊಟ್ಟಿತು: 1980ರ ಜುಲೈ 24, ಲಂಡನ್, 54 ವರ್ಷ. ಮಿಲಿಗನ್, ಸೀಕೂಂಬ್ ಜೊತೆ ಆ ವಾರ ಊಟಕ್ಕೆ ಕೂರಬೇಕಿತ್ತು.

ಇಷ್ಟೊಂದು ಚಿತ್ರಗಳಲ್ಲಿ ಯಾವುದನ್ನು ಮೊದಲು ನೋಡಬೇಕು?
– ಹಲವರು

‘ಪಿಂಕ್ ಪ್ಯಾಂಥರ್’ನಿಂದ ಶುರು ಮಾಡಿದವರು ನಿರಾಶರಾಗುತ್ತಾರೆ. ಅದರಲ್ಲಿ ನಾಯಕ ಡೇವಿಡ್ ನಿವೆನ್. ಪೀಟರ್ ಉಸ್ಟಿನೋವ್ ಬಿಟ್ಟುಹೋದ ಪಾತ್ರಕ್ಕೆ ಸೆಲ್ಲರ್ಸ್ ಬಂದದ್ದು. ‘ಎ ಶಾಟ್ ಇನ್ ದ ಡಾರ್ಕ್’ ಮೊದಲು ನೋಡಿ. ಆಮೇಲೆ ‘ಡಾ. ಸ್ಟ್ರೇಂಜ್‌ಲವ್’, ಇಂಗ್ಲಿಷ್ ಸಬ್‌ಟೈಟಲ್ ಹಾಕಿಕೊಂಡು, ಯಾಕೆಂದರೆ ಮಫ್ಲಿ ದನಿ ಏರಿಸುವುದೇ ಅಪರೂಪ. ಬಿಡುವು ಕಡಿಮೆಯಿದ್ದರೆ ರಿಚರ್ಡ್ ಲೆಸ್ಟರ್ ಜೊತೆ 1959ರಲ್ಲಿ ಮಾಡಿದ, ಆಸ್ಕರ್‌ಗೆ ನಾಮನಿರ್ದೇಶನಗೊಂಡ, 11 ನಿಮಿಷದ ‘ರನ್ನಿಂಗ್ ಜಂಪಿಂಗ್ ಆ್ಯಂಡ್ ಸ್ಟ್ಯಾಂಡಿಂಗ್ ಸ್ಟಿಲ್’ ಚಿತ್ರ ಸಾಕು.

1979ರ ‘ಬೀಯಿಂಗ್ ದೇರ್’ ಕೊನೆಗಿರಲಿ. ಟಿವಿ ಬಿಟ್ಟರೆ ಲೋಕ ಕಾಣದ ತೋಟದ ಮಾಲಿಯ ಪಾತ್ರ. ಕಾದಂಬರಿ ಓದಿದ ದಿನದಿಂದ ಸೆಲ್ಲರ್ಸ್ ಅದರ ಹಿಂದೆ ಬಿದ್ದಿದ್ದ, ಲೇಖಕ ಕೊಸಿನ್ಸ್ಕಿಗೆ ಆ ಮಾಲಿಯ ಹೆಸರಲ್ಲೇ ತಂತಿ ಕಳಿಸಿದ್ದ. ದನಿಗೆ ಲಾರೆಲ್–ಹಾರ್ಡಿ ಜೋಡಿಯ ಸ್ಟ್ಯಾನ್ ಲಾರೆಲ್‌ನ ಛಾಯೆ ತಂದು, ಅದರಿಂದ ಏರಿಳಿತವನ್ನೆಲ್ಲ ಸೋಸಿ ತೆಗೆದ. ಉಳಿದ ಚಿತ್ರಗಳಲ್ಲಿ ಅವನು ಏನೇನು ಹೇರಿಕೊಂಡಿದ್ದ ಎಂದು ಗೊತ್ತಿದ್ದರೆ ಮಾತ್ರ ಇಲ್ಲಿ ಏನೇನು ಇಳಿಸಿದ್ದಾನೆ ಎಂದು ಕಾಣುತ್ತದೆ. ಗೋಲ್ಡನ್ ಗ್ಲೋಬ್ ಬಂತು, ಆಸ್ಕರ್ ‘ಕ್ರೇಮರ್ ವರ್ಸಸ್ ಕ್ರೇಮರ್’ನ ಡಸ್ಟಿನ್ ಹಾಫ್ಮನ್ ಪಾಲಾಯಿತು. ಕೊನೆಯ ಹೆಸರುಗಳ ಜೊತೆ, ನಗು ತಡೆಯಲಾಗದೆ ಕೆಟ್ಟುಹೋದ ಟೇಕುಗಳನ್ನು ಕೆಲವು ಪ್ರತಿಗಳಲ್ಲಿ ಹಾಕಿದ್ದಾರೆ. ಅದು ಪಾತ್ರದ ಮಾಯೆ ಮುರಿಯುತ್ತದೆಂದು ಸೆಲ್ಲರ್ಸ್ ತುಂಬ ನೊಂದುಕೊಂಡಿದ್ದ. ಹೆಸರುಗಳು ಶುರುವಾದಾಗ ನಿಲ್ಲಿಸಿಬಿಡಿ. ಅವನು ಸತ್ತ ಮೇಲೆ, ಕತ್ತರಿಸಿ ಎಸೆದ ತುಣುಕುಗಳನ್ನು ಹೊಲಿದು 1982ರಲ್ಲಿ ಬಿಟ್ಟ ‘ಟ್ರೇಲ್ ಆಫ್ ದ ಪಿಂಕ್ ಪ್ಯಾಂಥರ್’ ಪಟ್ಟಿಯಲ್ಲಿ ಬೇಡ.